ಉಡಿಯಕ್ಕಿ ಕೆಂಪಾದದ್ದು ಯಾಕೆ?

ಮುಂಬೈಯ ದಹಿಸರ್‌ನ ಒಂದು ಚಾಳಿನಲ್ಲಿ ಮಹಾದೇವಿಯ ಮನೆ. ಆ ಮನೆಯಲ್ಲಿ ಈಚೆಗೆ ದಿನಾ ಒಂದೇ ಜಗಳ. ಅದೂ ಒಂದು ಸಣ್ಣ ಗುಳಿಗೆಗಾಗಿ.

ಮಗಳು ರಂಜನಾ ಏಳು ತಿಂಗಳ ಬಸುರಿ. ಗಂಡನ ಮನೆ ಪಾರ್ಲೆಯಲ್ಲಿ. ಚೊಚ್ಚಲ ಹೆರಿಗೆ ತವರಲ್ಲೇ ಆಗಬೇಕು ಎಂದು ಮಹಾದೇವಿ ಬೀಗರ ಹತ್ತಿರ ಹಟ ಮಾಡಿ ಮಗಳನ್ನು ಕರೆತಂದಿದ್ದಳು. ಮುನ್ಸಿಪಾಲ್ಟಿ ಆಸ್ಪತ್ರೆಯ ಲೇಡಿ ಡಾಕ್ಟರ್, ಚಾಳಿನವರ ಮಾತಿನಲ್ಲಿ 'ಡಾಕ್ಟರ್ ಬಾಯಿ', ರಕ್ತ ಪರೀಕ್ಷೆ ಮಾಡಿಸಿ, ಮೈಯಲ್ಲಿ ರಕ್ತ ಕಡಿಮೆ ಇದೆ, ಕಬ್ಬಿಣಾಂಶದ ಈ ಗುಳಿಗೆ ಒಂದು ದಿನವೂ ತಪ್ಪಿಸಬೇಡ ಎಂದು ಹೇಳಿ ಕೊಟ್ಟು ಕಳಿಸಿದ್ದರು. ಗುಳಿಗೆ ಪುಕ್ಕಟೆ. ಪುಕ್ಕಟೆ ಸಿಕ್ಕಿದ್ದಕ್ಕೆ ನಮ್ಮಲ್ಲಿ ಮರ್ಯಾದೆ ಎಲ್ಲಿದೆ? ರಂಜನಾಳಿಗೆ ಆ ಗುಳಿಗೆ ಕಂಡರೆ ಆಗುತ್ತಿರಲಿಲ್ಲ.

"ಯವ್ವಾ, ಇದನ್ನ ತಗೊಂಡ್ರ ಹೊಟ್ಟಿ ತೊಳಸ್ತೈತಿ. ನಾ ಒಲ್ಲೆ."

"ಡಾಕ್ಟರ್ ಬಾಯಿ ಹೇಳ್ಯಾರಲ್ಲಬೇ."

"ಅವರಿಗೇನು, ಹೇಳ್ತಾರ. ನುಂಗಾಕಿ ನಾನು."

ಮಹಾದೇವಿಯದು ತಾಯಿ ಕರುಳು. ಮಗಳು ಮುಖ ಹಿಂಡುವುದನ್ನು ನೋಡಲಾರಳು. ಗುಳಿಗೆ ಬಿಟ್ಟು ಬೇರೆ ಏನಾದರೂ ದಾರಿ ಇದ್ದೀತೇ ಎಂದು ಆಕೆ ಹುಡುಕತೊಡಗಿದಳು. ಹೀಗೆ ಹುಡುಕುವವರಿಗೆ ಮುಂಬೈಯಲ್ಲಿ ದಾರಿ ತೋರಿಸುವವರಿಗೇನು ಕಡಿಮೆ?

ಮಹಾದೇವಿ ದೊಡ್ಡ ದೊಡ್ಡ ಬಿಲ್ಡಿಂಗ್‌ಗಳ ಮನೆಗಳಲ್ಲಿ ಜೋಳದ ರೊಟ್ಟಿ ಬಡಿದು ಕೊಡುವ ಕೆಲಸ ಮಾಡುತ್ತಾಳೆ. ಅಂಥ ಒಂದು ಮನೆಯ ಮೇಡಂ ಬೆಳಿಗ್ಗೆ ಎದ್ದವರೇ ಫ್ರಿಜ್ ತೆಗೆದು ಒಂದು ಹಿಡಿ ಬೆರಿ ತಿನ್ನುತ್ತಿದ್ದರು. ನೀಲಿ ಬೆರಿ, ಕೆಂಪು ಬೆರಿ, ಎಲ್ಲ ಹೊರದೇಶದ್ದು. ಮೇಡಂ ಮುಖದ ಕಳೆ ನೋಡಿ ಮಹಾದೇವಿಗೆ ಅನ್ನಿಸಿತು: ಇವರಿಗೆ ಸಿಗುವುದು ನನ್ನ ಮಗಳಿಗೆ ಯಾಕೆ ಸಿಗಬಾರದು? ಆಕೆಯ ಹೊಟ್ಟೆಯಲ್ಲಿ ಇರುವುದೂ ಕೂಸೇ ಅಲ್ಲವೇ? ಆ ಆಸೆಯಲ್ಲಿ ಯಾವ ತಪ್ಪೂ ಇರಲಿಲ್ಲ. ತಪ್ಪು ಮುಂದೆ ಆಯಿತು.

ದಹಿಸರ್ ಸ್ಟೇಷನ್ ಹೊರಗೆ ಒಬ್ಬ ಗಾಡಿ ನಿಲ್ಲಿಸಿಕೊಂಡು ಒಣಹಣ್ಣು ಮಾರುತ್ತಿದ್ದ. ಗಾಡಿಯ ಮೇಲೆ ಪ್ಲಾಸ್ಟಿಕ್ ಡಬ್ಬಿಗಳ ಸಾಲು. ಒಂದೊಂದು ಡಬ್ಬಿಗೂ ಅಮೆರಿಕಾದ ಬಾವುಟ, ಬಂಗಾರದ ಅಕ್ಷರದಲ್ಲಿ 'ಇಂಪೋರ್ಟೆಡ್'. ಒಳಗೆ ಗುಂಡಗೆ, ಕೆಂಪಗೆ, ಪಳಪಳ ಹೊಳೆಯುವ ಹಣ್ಣು. ಮಹಾದೇವಿ ತನ್ನ ಮುರುಕು ಹಿಂದಿಯಲ್ಲಿ ವಿಚಾರಿಸಿದಳು. ಅವನು ನಕ್ಕ.

"ಅಕ್ಕಾರ, ರಾಮದುರ್ಗ ಕಡಿಯವ್ರಲ್ರಿ ನೀವು? ಮಾತ ಕೇಳಿದ ಕೂಡ್ಲೇ ಗೊತ್ತಾತು. ನಾ ಲೋಕಾಪುರದಾವ್ರಿ. ಮುರಿಗೆಪ್ಪ ಅಂತ."

ಮುಂಬೈ ಗದ್ದಲದಲ್ಲಿ ಯಾರಾದರೂ ನಮ್ಮ ಕಡೆಯ ಮಾತಿನಲ್ಲಿ 'ಅಕ್ಕಾರ' ಅಂದರೆ ನಮ್ಮವರ ಕಾಲು ಅಲ್ಲೇ ನಿಲ್ಲುತ್ತದೆ. ಬುದ್ಧಿ ಮಾತ್ರ ಲೋಕಲ್ ರೈಲು ಹತ್ತಿ ಮುಂದೆ ಹೋಗಿಬಿಡುತ್ತದೆ. ಮಹಾದೇವಿಗೂ ಹಾಗೇ ಆಯಿತು. ಅದುವರೆಗೆ ಎರಡು ಕೊತ್ತಂಬರಿ ಸಿವುಡಿಗೂ ಚೌಕಾಸಿ ಮಾಡುತ್ತಿದ್ದವಳು ಮುರಿಗೆಪ್ಪನ ಮುಂದೆ ಬೆಲೆಯ ಬಗ್ಗೆ ತುಟಿ ಬಿಚ್ಚಲಿಲ್ಲ.

"ಇದು ಅಮೆರಿಕಾದ ಕ್ರ್ಯಾನ್‌ಬೆರಿ ಐತ್ರಿ ಅಕ್ಕಾರ. ಬಸುರಿಗೆ ಕೊಡ್ರಿ, ರಕ್ತ ಹ್ಯಾಂಗ ಏರ್ತೈತಿ ನೋಡ್ರಿ. ಗುಳಿಗಿ ಗಿಳಿಗಿ ಏನೂ ಬ್ಯಾಡ."

"ಖರೇನ ಅಮೆರಿಕಾದ್ದೇನಪಾ?"

"ನಮ್ಮ ಮಂದಿಗೆ ಸುಳ್ಳ ಹೇಳ್ಲೇನ್ರಿ? ನಾಳೆ ನಾ ಊರಿಗೆ ಹೋಗೂದಿಲ್ಲೇನು?"

ಗಾಡಿಯ ಪಕ್ಕದಲ್ಲೇ ನೆಲದ ಮೇಲೆ ಪಾಲ್ಘರ್ ಕಡೆಯ ಆದಿವಾಸಿ ಹೆಂಗಸೊಬ್ಬಳು ಕೂತಿದ್ದಳು. ಮುಂದೆ ಬುಟ್ಟಿ, ಎಲೆಯ ದೊನ್ನೆಗಳಲ್ಲಿ ಕಪ್ಪು ಕರವಂದ. ಕರವಂದ ಅಂದರೆ ನಮ್ಮ ಕವಳಿಹಣ್ಣು. "ಮಾವಶಿ, ಕರವಂದ ಘ್ಯಾ" ಎಂದು ಆಕೆ ದೊನ್ನೆ ಎತ್ತಿ ಹಿಡಿದಳು. ಮಹಾದೇವಿ ಮೂಗು ಮುರಿದಳು.

"ಅಡವ್ಯಾಗ ಪುಕ್ಕಟೆ ಸಿಗೂದನ್ನ ಯಾರ್ ಕೊಳ್ತಾರ?" ಎಂದು ಮುರಿಗೆಪ್ಪನ ಕಡೆ ನೋಡಿ ನಕ್ಕು, ಅಮೆರಿಕಾದ ಡಬ್ಬಿಯನ್ನು ಸೆರಗಿನಲ್ಲಿ ಮುಚ್ಚಿಕೊಂಡು ಮನೆಗೆ ಬಂದಳು.

ಅಂದಿನಿಂದ ರಂಜನಾಳ ಗುಳಿಗೆ ನಿಂತಿತು. ದಿನಾ ಒಂದು ಹಿಡಿ ಕೆಂಪು ಹಣ್ಣು ಶುರುವಾಯಿತು. ಸಿಹಿಯಾಗಿತ್ತು, ರಂಜನಾ ಇಷ್ಟಪಟ್ಟು ತಿಂದಳು. ಮಗಳ ನಾಲಿಗೆ ಕೆಂಪಾಗುವುದನ್ನು ಕಂಡು, ರಕ್ತ ಏರುತ್ತಿದೆ ಎಂದು ತಾಯಿ ಖುಷಿಪಟ್ಟಳು. ಪಾಪ, ಎಂಥ ಖುಷಿ!

ಕುಬಸದ ದಿನ ಹತ್ತಿರ ಬಂತು. ಬಸುರಿಗೆ ಹಸಿರು ಸೀರೆ ಉಡಿಸಿ, ಹಸಿರು ಬಳೆ ತೊಡಿಸಿ, ಮುತ್ತೈದೆಯರು ಸೆರಗಿನಲ್ಲಿ ಅಕ್ಕಿ, ಕೊಬ್ಬರಿ, ಉತ್ತತ್ತಿ, ಅರಿಷಿಣ ಕೊಂಬು, ಹಣ್ಣು ಹಾಕಿ ಉಡಿ ತುಂಬುವ ಕಾರ್ಯ ಅದು. ಬೀಗತಿ ದೇವಕ್ಕ ಪಾರ್ಲೆಯಿಂದ ಬರುವವಳಿದ್ದಳು. ದೇವಕ್ಕನ ಬಾಯಿ ದೊಡ್ಡದು. 'ಚಾಳಿನ ಮಂದಿ ಏನ್ ಕುಬಸ ಮಾಡ್ತಾರ' ಎಂದು ಆಕೆ ಎಲ್ಲೋ ಅಂದ ಮಾತು ಮಹಾದೇವಿಯ ಕಿವಿಗೂ ಬಿದ್ದಿತ್ತು. ಅದಕ್ಕೇ ಆಕೆ ಮನಸ್ಸಿನಲ್ಲಿ ಗಟ್ಟಿ ಮಾಡಿಕೊಂಡಳು. ಬೀಗತಿ ಕಣ್ಣರಳಿಸಬೇಕು, ಉಡಿಗೆ ಅಮೆರಿಕಾದ ಹಣ್ಣೇ ಹಾಕಬೇಕು.

ಹೊಸ ಡಬ್ಬಿ ತಂದಳು. ಮನೆಯಲ್ಲಿ ಫ್ರಿಜ್ ಇಲ್ಲ. ಪಕ್ಕದ ಮನೆ ಕುಂದಾಪುರದ ಶೀಲಾವತಿಯವರ ಫ್ರಿಜ್‌ನಲ್ಲಿ ಇಡಲು ಹೋದಳು. ಶೀಲಾವತಿಯ ಮಗಳು ಯಕ್ಷಿತಾ ಆಗತಾನೇ ಕೆಲಸದಿಂದ ಬಂದಿದ್ದಳು. ವಿಮಾನದಲ್ಲಿ, ಹಡಗಿನಲ್ಲಿ ಬರುವ ಮಾಲನ್ನು ಕಸ್ಟಮ್ಸ್‌ನಿಂದ ಬಿಡಿಸಿಕೊಡುವ ಪಾರ್ಲೆಯ ಒಂದು ಆಫೀಸಿನಲ್ಲಿ ಆಕೆಗೆ ನೌಕರಿ. ಮುಂಬೈಯಲ್ಲೇ ಹುಟ್ಟಿ ಬೆಳೆದವಳು. ಕನ್ನಡ ತಡವರಿಸುತ್ತ ಬರುತ್ತದೆ, ಬಂದಷ್ಟು ಚೆನ್ನಾಗಿ ಬರುತ್ತದೆ.

"ಎಂತದು ಆಂಟಿ ಇದು?"

"ಅಮೆರಿಕಾದ ಹಣ್ಣವ್ವಾ. ರಂಜಿ ಉಡಿಗೆ ಹಾಕಾಕ."

ಯಕ್ಷಿತಾ ಡಬ್ಬಿ ಕೈಗೆ ತೆಗೆದುಕೊಂಡಳು. ಮೊದಲು ಮಾಡಿದ ಕೆಲಸ ಅಂದರೆ ಡಬ್ಬಿ ತಿರುಗಿಸಿ ತಳ ನೋಡಿದ್ದು. ತಳ ಬೋಳಾಗಿತ್ತು.

"ಆಂಟಿ, ಇದ್ರಲ್ಲಿ ಎಂತ ಬರ್ದೇ ಇಲ್ಲ ಅಲ್ವಾ? ಬಾವುಟ ಮಾತ್ರ ಉಂಟು."

"ಬಾವುಟ ಐತಲ್ಲ, ಇನ್ನೇನ್ ಬೇಕು?"

"ಬಾವುಟ ಸ್ಟಿಕ್ಕರ್ ಯಾರ್ ಬೇಕಾದ್ರೂ ಪ್ರಿಂಟ್ ಮಾಡ್ಬಹುದು, ಆಂಟಿ. ನಾನು ಆಫೀಸಲ್ಲಿ ರೋಜ್ ಇದೇ ನೋಡುದು. ಬ್ಲೂಬೆರಿ ಪೆರು, ಚಿಲಿ ದೇಶದಿಂದೆಲ್ಲ ಬರ್ತದೆ. ನಮ್ಮಲ್ಲಿ ಬೆಳೆಯುದು ಕಡಿಮೆ, ಮತ್ತೆ ಅವರ ಸೀಸನ್ ಬೇರೆ. ತಣ್ಣಗೆ ಪ್ಯಾಕ್ ಮಾಡಿ ಫ್ಲೈಟಲ್ಲಿ ತರ್ತಾರೆ. ಸ್ಟ್ರಾಬೆರಿ ನಮ್ಮದೇ, ಮಹಾಬಳೇಶ್ವರದ್ದು. ಈ ಕ್ರ್ಯಾನ್‌ಬೆರಿ ಜಾಸ್ತಿ ಬೆಳೆಯುದು ಅಮೆರಿಕಾ, ಕೆನಡಾದಲ್ಲಿ. ಕೊಯ್ಯುವಾಗ ಗದ್ದೆಗೇ ನೀರು ಬಿಡ್ತಾರೆ. ಹಣ್ಣು ತೇಲಿ ಮೇಲೆ ಬರ್ತದೆ. ಅದನ್ನು ಒಟ್ಟು ಮಾಡಿ ತೆಗೀತಾರೆ."

ಮಹಾದೇವಿ ನಕ್ಕುಬಿಟ್ಟಳು. "ಹೊಲಕ್ಕ ನೀರ ಬಿಟ್ಟು ಹಣ್ಣ ತೇಲಿಸ್ತಾರ? ನನ್ನ ಮುಂದ ಕತಿ ಹೇಳ್ತೀಯಲ್ಲ, ಹುಡುಗಿ."

"ಸಚ್ಚೀ ಆಂಟಿ. ಆಮೇಲೆ ಹೋಳು ಮಾಡಿ, ಸಕ್ಕರೆ ಹಾಕಿ ಒಣಗಿಸಿ, ಹಡಗಲ್ಲಿ ಕಳಿಸುದು. ನ್ಹಾವಾ ಶೇವಾ ಬಂದರಲ್ಲಿ ಕಸ್ಟಮ್ಸ್‌ನವ್ರು ನೋಡ್ತಾರೆ, ಫುಡ್ ಡಿಪಾರ್ಟ್‌ಮೆಂಟಿನವ್ರು ನೋಡ್ತಾರೆ. ಡಬ್ಬಿ ಮೇಲೆ ಯಾವ ದೇಶದ್ದು, ಇಲ್ಲಿಗೆ ತರಿಸಿದ್ದು ಯಾರು, ಅವರ ಎಡ್ರೆಸ್ ಎಂತದು, ಒಳಗೆ ಎಂತೆಂತ ಹಾಕಿದ್ದಾರೆ, ತಾರೀಕು, ಲೈಸೆನ್ಸ್ ನಂಬರ್, ಎಲ್ಲ ಇರ್ಲೇಬೇಕು. ಅಷ್ಟು ದೂರದಿಂದ ಬಂದ ಹಣ್ಣಿಗೆ ಹೆಸರಿಲ್ಲ, ವಿಳಾಸ ಇಲ್ಲ ಅಂದ್ರೆ ಹೇಗೆ?"

"ಮುರಿಗೆಪ್ಪ ನಮ್ಮ ಕಡೀ ಹುಡುಗ ಅದಾನವ್ವಾ. ನಮ್ಮ ಮಾತಾಡ್ತಾನ. ಅವಂಗ್ಯಾಕ ಲೈಸೆನ್ಸು?"

"ಮತ್ತೆ ರಂಜನಾನ ಮಾತ್ರೆ? ಅದು ತಗೊಳ್ತಾಳಲ್ವಾ?"

ಮಹಾದೇವಿಗೆ ಇರುಸುಮುರುಸಾಯಿತು. "ಲಗ್ನ ಆಗಲಾರದಾಕಿ ನೀನು. ಬಸುರಿ ಬಾಣಂತಿ ಮಾತು ನಿನಗ್ಯಾಕವ್ವಾ? ಫ್ರಿಜ್ನ್ಯಾಗ ಜಾಗ ಕೊಡು, ಸಾಕು."

ಯಕ್ಷಿತಾ ಫ್ರಿಜ್ ತೆಗೆದು ಜಾಗ ಮಾಡಿಕೊಟ್ಟಳು.

ಕುಬಸದ ದಿನ ಮೇ ತಿಂಗಳ ಬಿಸಿಲು. ಮಾಡಿನ ತಗಡಿನ ಪತ್ರಾ ಕಾದು, ಒಳಗೆ ಕೂತವರೆಲ್ಲ ಬೆವರಿನಲ್ಲಿ ನೆನೆದಿದ್ದರು. ಮಹಾದೇವಿ ಫ್ರಿಜ್‌ನಿಂದ ಹಣ್ಣು ತಂದಳು. ಉಡಿಗೆ ಹಾಕುವ ಹಣ್ಣನ್ನು ತೊಳೆಯದೆ ಹಾಕುವುದಿಲ್ಲ, ಅದು ನಮ್ಮವರ ರೀತಿ. ಆಕೆಯೂ ಮಡಿಯಿಂದ ತಂಬಿಗೆ ನೀರಿನಲ್ಲಿ ಎರಡು ಸಲ ಅದ್ದಿ ತೆಗೆದಳು. ನೀರು ಸ್ವಲ್ಪ ಕೆಂಪಾಯಿತು. ಹಣ್ಣಿನ ರಸ ಅಂದುಕೊಂಡಳು.

ರಂಜನಾ ಗಿಳಿಹಸಿರು ಸೀರೆಯಲ್ಲಿ ಚಂದ ಕಾಣುತ್ತಿದ್ದಳು. ದೇವಕ್ಕ ಮುಂದೆಯೇ ಕೂತಿದ್ದಳು. ಮಹಾದೇವಿ ಎಲ್ಲರಿಗೂ ಕೇಳುವಂತೆ, "ಇದು ಅಮೆರಿಕಾದ ಹಣ್ಣ್ರಿ ಬೀಗತೇರ" ಎಂದು ಹೇಳಿ ಬೊಗಸೆ ತುಂಬ ಉಡಿಗೆ ಸುರಿದಳು. ದೇವಕ್ಕ ಖರೇನೇ ಕಣ್ಣರಳಿಸಿದಳು. ಸೆರಗು ಗಂಟು ಹಾಕಿ ರಂಜನಾಳ ತೊಡೆಯ ಮೇಲೆ ಇಟ್ಟರು. ಹಾಡು ಶುರುವಾಯಿತು, ಆರತಿ ತಟ್ಟೆ ಎದ್ದಿತು.

ಹಾಡು ಮುಗಿಯುವ ಹೊತ್ತಿಗೆ ರಂಜನಾ ಕೂತಲ್ಲೇ ಮಿಸುಕಾಡಿದಳು.

"ಯವ್ವಾ, ತೊಡಿ ಎಲ್ಲಾ ಹಸಿ ಆಗೇತಿ."

ಮಹಾದೇವಿ ಬಗ್ಗಿ ನೋಡಿದಳು. ಹಸಿರು ಸೀರೆಯ ಮೇಲೆ, ಸರಿಯಾಗಿ ಮಡಿಲಲ್ಲಿ, ಕಪ್ಪುಗೆಂಪು ಕಲೆ. ಅದು ನೋಡನೋಡುತ್ತಲೇ ಹರಡುತ್ತಿತ್ತು. ಕೆಳಗಿನ ಚಾಪೆಗೂ ಕೆಂಪು ತೊಟ್ಟಿಕ್ಕಿತ್ತು.

"ಯಪ್ಪಾ, ರಕ್ತ!" ಎಂದು ದೇವಕ್ಕ ಕಿರುಚಿದಳು.

ಆರತಿ ತಟ್ಟೆ ಕೈತಪ್ಪಿ ಬಿತ್ತು. ಏಳು ತಿಂಗಳ ಬಸುರಿಯ ಉಡಿಯಲ್ಲಿ ಕೆಂಪು ಕಂಡರೆ ಹೆಂಗಸರ ಎದೆ ಏನಾಗಬೇಡ? ಸೀರೆ ಸರಿಸಿ ನೋಡುವ ವ್ಯವಧಾನ ಯಾರಿಗೂ ಇರಲಿಲ್ಲ. ರಂಜನಾ ಅಳುತ್ತ ಹೊಟ್ಟೆ ಹಿಡಿದುಕೊಂಡಳು. ಮಹಾದೇವಿಯ ಗಂಡ ಕಾಶಪ್ಪ ಬರಿಗಾಲಲ್ಲೇ ಓಡಿ ರಿಕ್ಷಾ ತಂದ. ಆಸ್ಪತ್ರೆ ಮುಟ್ಟುವವರೆಗೂ ದೇವಕ್ಕನ ಬಾಯಿ ನಿಲ್ಲಲಿಲ್ಲ. "ತವರಾಗ ಉಡಿ ತುಂಬ್ತೀನಿ ಅಂತ ಕರಕೊಂಡ್ ಬಂದ್ರಿ. ರಕ್ತ ತುಂಬಿ ಕಳಸಾಕತ್ತೀರಿ." ಆ ಮಾತು ಮಹಾದೇವಿಗೆ ಕೆನ್ನೆಗೆ ಬಾರಿಸಿದ ಹಾಗಾಯಿತು.

ಆಸ್ಪತ್ರೆಯಲ್ಲಿ ಡಾಕ್ಟರ್ ಬಾಯಿ ರಂಜನಾಳನ್ನು ಒಳಗೆ ಕರೆದುಕೊಂಡು ಹೋಗಿ ಪರೀಕ್ಷೆ ಮಾಡಿದರು. ಹೊರಗೆ ಬಂದು ಸೀರೆಯ ಕಲೆ ಬೆರಳಿಂದ ಉಜ್ಜಿ ನೋಡಿದರು.

ರಕ್ತಸ್ರಾವ ಇಲ್ಲ, ಮಗುವಿನ ಎದೆಬಡಿತ ಚೆನ್ನಾಗಿದೆ, ಇದು ರಕ್ತ ಅಲ್ಲ, ಬಣ್ಣ, ಎಂದರು. ಎಲ್ಲರೂ ಉಸಿರು ಬಿಟ್ಟರು. ಆದರೆ ಡಾಕ್ಟರ್ ಬಾಯಿಯ ಮುಖ ಸಡಿಲಾಗಲಿಲ್ಲ. ಅವರು ರಂಜನಾಳ ಕಣ್ಣಿನ ರೆಪ್ಪೆ ಎಳೆದು ನೋಡಿದರು. ಬಿಳಚಿಕೊಂಡಿತ್ತು. ಮತ್ತೆ ರಕ್ತ ಪರೀಕ್ಷೆ ಮಾಡಿಸಿದರು. ಹಿಂದಿನ ಸಲಕ್ಕಿಂತ ಕೆಳಗೆ ಇಳಿದಿತ್ತು.

"ಗುಳಿಗೆ ತಗೊಳ್ತಾ ಇದ್ದಾಳಾ?" ಎಂದು ಮರಾಠಿಯಲ್ಲಿ ಕೇಳಿದರು.

ಮಹಾದೇವಿ ತಲೆ ತಗ್ಗಿಸಿದಳು. ಹಣ್ಣಿನ ವಿಷಯ ಹೇಳಿದಳು. ಡಾಕ್ಟರ್ ಬಾಯಿಗೆ ಎಂಥ ಸಿಟ್ಟು ಬಂತೆಂದರೆ, ಸಾಲಿನಲ್ಲಿ ಕೂತಿದ್ದ ಬಸುರಿಯರೆಲ್ಲ ತಿರುಗಿ ನೋಡಿದರು. ಅಮೆರಿಕಾದ್ದೇ ಇರಲಿ, ಸ್ವರ್ಗದ್ದೇ ಇರಲಿ, ಯಾವ ಬೆರಿಯೂ ಈ ಗುಳಿಗೆಯ ಕೆಲಸ ಮಾಡುವುದಿಲ್ಲ, ಎಂದರು. ಹೆರಿಗೆಯಲ್ಲಿ ರಕ್ತ ಹೋಗುತ್ತದೆ, ಮೊದಲೇ ಇಲ್ಲದಿದ್ದರೆ ಎಲ್ಲಿಂದ ತರುತ್ತೀರಿ? ತಾಯಿಯ ಜೀವಕ್ಕೆ ಅಪಾಯ, ಕೂಸಿನ ಜೀವಕ್ಕೂ ಅಪಾಯ. ಹೊಟ್ಟೆ ತೊಳಸಿದರೆ ಬಿಡಬೇಡಿ, ಇಲ್ಲಿಗೆ ಬಂದು ಹೇಳಿ. ಊಟ ಆದ ಮೇಲೆ ನುಂಗಲಿ. ಅದರ ಜೊತೆ ಚಹಾ ಬೇಡ, ಹಾಲು ಬೇಡ. ನಿಂಬೆಹಣ್ಣು, ನೆಲ್ಲಿಕಾಯಿ ತಿಂದರೆ ಗುಳಿಗೆ ಮೈಗೆ ಹತ್ತುತ್ತದೆ. ಹಣ್ಣು ಗುಳಿಗೆಗೆ ಜೊತೆ ಆಗಬಹುದು, ಗುಳಿಗೆಗೆ ಬದಲಿ ಆಗುವುದಿಲ್ಲ. ಇಷ್ಟನ್ನೂ ಒಂದೇ ಉಸಿರಿನಲ್ಲಿ ಹೇಳಿ ಹೊಸ ಗುಳಿಗೆ ಬರೆದುಕೊಟ್ಟರು.

ಮನೆಗೆ ಬಂದರೂ ದೇವಕ್ಕ ಹೊಸ್ತಿಲ ಹೊರಗೇ ನಿಂತಳು.

"ರಕ್ತ ಅಲ್ಲ ಖರೆ. ಆದ್ರ ಉಡಿ ಕೆಂಪಾತಲ್ಲ? ಅಪಶಕುನ ಅಪಶಕುನಾನ. ನನ್ನ ಸೊಸೀನ ನಾ ಕರಕೊಂಡ್ ಹೊಕ್ಕೀನಿ. ಹೆರಿಗಿ ಪಾರ್ಲೆದಾಗ ಆಗ್ಲಿ."

ರಂಜನಾ ತಾಯಿಯ ಸೆರಗು ಹಿಡಿದು ಅಳತೊಡಗಿದಳು. ಗದ್ದಲ ಕೇಳಿ ಯಕ್ಷಿತಾ ಬಂದಳು. 'ನಾನು ಆವತ್ತೇ ಹೇಳಿದ್ದೆ' ಅಂತ ಒಂದು ಮಾತೂ ಅನ್ನಲಿಲ್ಲ, ದೊಡ್ಡ ಮನಸ್ಸಿನ ಹುಡುಗಿ. ಉಡಿಯಲ್ಲಿ ಉಳಿದಿದ್ದ ಹಣ್ಣನ್ನು ಒಂದು ಸ್ಟೀಲ್ ಬೋಗುಣಿಗೆ ಹಾಕಿ ನೀರು ಸುರಿದಳು. ಎಲ್ಲರೂ ನೋಡುತ್ತಿದ್ದಂತೆ ನೀರು ಓಕುಳಿಯಾಯಿತು. ಆ ನೀರು ಚೆಲ್ಲಿ ಮತ್ತೆ ಸುರಿದಳು. ಮತ್ತೆ ಓಕುಳಿ. ಕೆಂಪು ಇಳಿದ ಹಾಗೆ ಒಳಗಿನ ಹಣ್ಣು ಬೆಳ್ಳಗೆ, ಸುಕ್ಕುಸುಕ್ಕಾಗಿ ಕಾಣತೊಡಗಿತು.

"ದೇವಕ್ಕ ಆಂಟಿ, ಇದು ಅಪಶಕುನ ಎಂತ ಅಲ್ಲ. ಇದು ಕಲರ್. ನೋಡಿ, ಕ್ರ್ಯಾನ್‌ಬೆರಿ ಆದ್ರೆ ಸಾಧಾರಣ ಹೋಳು ಮಾಡಿಯೇ ಬರುದು. ಇದು ಇಡೀ ಉಂಟು. ಎಂತ ಹಣ್ಣು ಅಂತ ನಂಗೆ ಗೊತ್ತಾಗ್ತಾ ಇಲ್ಲ."

ದೇವಕ್ಕ ಅನುಮಾನದಿಂದಲೇ ಒಳಗೆ ಬಂದಳು. ಒಂದು ಹಣ್ಣು ಎತ್ತಿ ಚಿವುಟಿದಳು. ಒಳಗಿನ ಚಪ್ಪಟೆ ಬೀಜ ನೋಡಿದಳು. ನಾಲಿಗೆ ತುದಿಗೆ ಇಟ್ಟು ಕಣ್ಣು ಕಿರಿದು ಮಾಡಿದಳು.

"ಏ, ಇದು ಕವಳಿಕಾಯಿ ಐತಲ್ಲೇ!"

ಯಾರೂ ನಂಬಲಿಲ್ಲ.

"ನಮ್ಮ ಗುಡ್ಡದಾಗಿನ ಕವಳಿಕಾಯಿ. ಸಣ್ಣಾಕಿದ್ದಾಗ ಲಂಗದಾಗ ತುಂಬ್ಕೊಂಡ್ ಬರ್ತಿದ್ದೆ ನಾನು. ಉಪ್ಪಿನಕಾಯಿ ಹಾಕ್ತಿದ್ದಳು ನಮ್ಮವ್ವ. ಇದನ್ನ ಸಕ್ರಿ ಪಾಕದಾಗ ಕುದಿಸಿ, ಬಣ್ಣ ಬಳದು, ಅಮೆರಿಕಾದ್ದು ಅಂತ ಕೊಟ್ಟಾನ ಆ ಹಾಳಾದಾವ!"

ಮಹಾದೇವಿಯೂ ಒಂದು ಬಾಯಿಗೆ ಹಾಕಿಕೊಂಡಳು. ಸಕ್ಕರೆ ತೊಳೆದುಹೋಗಿತ್ತು. ಹಳೆಯ ಒಗರು, ಹಳೆಯ ಹುಳಿ. ತಾನೇ ಕೊಯ್ದು ತಿಂದು ಬೆಳೆದ ಕಾಯಿ. ಅದನ್ನೇ ಅಮೆರಿಕಾ ಅಂತ ತಲೆಯ ಮೇಲೆ ಹೊತ್ತು ತಂದು, ಯಾವ ಬಣ್ಣ ಬಳಿದಿದ್ದರೋ ಏನೋ, ಹೊಟ್ಟೆಯೊಳಗಿನ ಕೂಸಿಗೂ ಉಣಿಸಿದ್ದಳು. ಆಕೆಗೆ ಅಳುವಿಗಿಂತ ಮೊದಲು ಸಿಟ್ಟು ಬಂತು. ಮೈ ಉರಿಯುವ ಸಿಟ್ಟು.

ದೇವಕ್ಕನ ಅಪಶಕುನ ಎಲ್ಲಿ ಹೋಯಿತೋ ಏನೋ. "ನಡೀರಿ ಬೀಗತೇರ, ನಾನೂ ಬರ್ತೀನಿ" ಎಂದು ಆಕೆಯೇ ಮುಂದಾದಳು. ಕಾಶಪ್ಪ ಅಡ್ಡ ಬಂದ.

"ಹೋಗ್ಲಿ ಬಿಡ್ರಿ. ನಮ್ಮ ಕಡಿಯಾವ, ಬಡವ. ಹೊಟ್ಟಿ ಮ್ಯಾಲ ಹೊಡಿಯೂದ ಬ್ಯಾಡ."

ಮಹಾದೇವಿ ಗಂಡನ ಕಡೆ ತಿರುಗಿದಳು. "ನಮ್ಮಾವ ಅಂತ ನಾ ನಂಬಿದ್ದಕ್ಕ ಇದು ಆಗೇತಿ. ನಮ್ಮಾವ ಅಂತ ಈಗ ಬಿಟ್ರ, ನಾಳೆ ನಮ್ಮ ಕಡಿಯಾಕಿ ಇನ್ನೊಬ್ಬಾಕಿ ಬಂದು ತಗೋತಾಳ. ಆಕಿ ಮಗಳ ಹೊಟ್ಟಿ ಹೊಟ್ಟಿ ಅಲ್ಲೇನು?"

ಮರುದಿನ ಸ್ಟೇಷನ್ ಹೊರಗೆ ಮುರಿಗೆಪ್ಪ ಎಂದಿನಂತೆ ನಗುತ್ತಿದ್ದ. ಮಹಾದೇವಿ ಕಲೆಯಾದ ಹಸಿರು ಸೀರೆಯನ್ನು ಬಿಚ್ಚಿ ಗಾಡಿಯ ಮೇಲೆ, ಡಬ್ಬಿಗಳ ಮೇಲೆಯೇ ಹರಡಿದಳು. ಪಕ್ಕದಲ್ಲಿ ದೇವಕ್ಕ, ಹಿಂದೆ ಯಕ್ಷಿತಾ.

"ನೋಡಪಾ. ನಿನ್ನ ಅಮೆರಿಕಾ ನನ್ನ ಮಗಳ ಉಡಿಯಾಗ ಏನ್ ಮಾಡೇತಿ ನೋಡು."

ಮುರಿಗೆಪ್ಪನ ನಗು ಮಾಯವಾಯಿತು. "ನಾ ಏನ್ ಮಾಡ್ಲಿರಿ ಅಕ್ಕಾರ? ಹೋಲ್‌ಸೇಲ್ನ್ಯಾಗ ಚೀಲದಾಗ ತುಂಬಿ ಬರ್ತೈತಿ. ನಾ ಡಬ್ಬಿಗೆ ಹಾಕಿ ಸ್ಟಿಕ್ಕರ್ ಹಚ್ಚತೀನಿ, ಅಷ್ಟ."

"ಕವಳಿಕಾಯಿ ಅಂತ ಗೊತ್ತಿತ್ತೋ ಇಲ್ಲೋ?"

ಸುತ್ತ ಜನ ಸೇರಿದ್ದರು. ಸಿಕ್ಕಿಬಿದ್ದವನಿಗೆ ಬರುವ ಸಿಟ್ಟು ಅವನಿಗೂ ಬಂತು. ಪಕ್ಕದಲ್ಲಿ ನೆಲದ ಮೇಲೆ ಕೂತ ಕರವಂದದ ಹೆಂಗಸನ್ನು ತೋರಿಸಿದ.

"ಗೊತ್ತಿತ್ರಿ! ಕವಳಿಕಾಯಿ ಅಂದ್ರ ತಗೋತಿದ್ರೇನು ನೀವು? ಅಕೋ, ಆಕಿ ಬಿಸಲಾಗ ಕುಂತು ಖರೇ ಹಣ್ಣ ಮಾರ್ತಾಳ. ಅಡವ್ಯಾಗ ಪುಕ್ಕಟೆ ಸಿಗ್ತೈತಿ ಅಂತ ನೀವ ನಕ್ರಿ. ನಿಮಗ ಬಾವುಟ ಬೇಕಿತ್ತು, ನಾ ಬಾವುಟ ಹಚ್ಚಿ ಕೊಟ್ಟೆ."

ಈ ಮಾತು ಮಹಾದೇವಿಗೆ ನಾಟಿತು. ಸುಳ್ಳುಗಾರನ ಬಾಯಿಂದ ಬಂದಿದ್ದರೂ ಮಾತು ಸುಳ್ಳಾಗಿರಲಿಲ್ಲ. ಆಕೆ ಆ ಹೆಂಗಸಿನ ಕಡೆ ನೋಡಿದಳು. ಮುಳ್ಳು ಗೀಚಿದ ಕೈಗಳು. ಕವಳಿಗಿಡದ ಮುಳ್ಳು ಎಂಥದ್ದು ಅಂತ ಮಹಾದೇವಿಗೆ ಗೊತ್ತಿಲ್ಲವೇ? ನಸುಕಿನಲ್ಲಿ ಗುಡ್ಡ ಹತ್ತಿ ಕೊಯ್ದು, ಲೋಕಲ್‌ನಲ್ಲಿ ಬುಟ್ಟಿ ಹೊತ್ತು ತಂದವಳ ಹಣ್ಣಿಗೆ ಬೆಲೆ ಇಲ್ಲ. ಅದೇ ಜಾತಿಯ ಕಾಯಿಗೆ ಬಣ್ಣ ಬಳಿದು ಬಾವುಟ ಹಚ್ಚಿದರೆ ಡಬ್ಬಿಗೆ ಡಬ್ಬಿ ಖರ್ಚು. ಯಾವ ನ್ಯಾಯ ಇದು?

ಆಕೆ ಮುರಿಗೆಪ್ಪನ ಕಡೆ ತಿರುಗಿದಳು. ಧ್ವನಿ ಏರಿಸಲಿಲ್ಲ.

"ಹೌದಪಾ. ನಾ ಆಕೀ ಕಡೆ ನೋಡ್ಲಿಲ್ಲ, ಅದು ನನ್ನ ತಪ್ಪು. ಆದ್ರ ನನ್ನ ತಪ್ಪು ನಿನ್ನ ಮೋಸಕ್ಕ ಲೈಸೆನ್ಸ್ ಅಲ್ಲ. ನೀ ನನ್ನ ಮಾತಿನ್ಯಾಗ ನನ್ನ 'ಅಕ್ಕಾರ' ಅಂದಿ. ಅಕ್ಕನ ಮಗಳಿಗೆ ಗುಳಿಗಿ ಬಿಡಿಸಿ ಬಣ್ಣ ತಿನ್ನಿಸ್ದಿ."

ಯಕ್ಷಿತಾ ಫೋನಿನಲ್ಲಿ 1915 ಒತ್ತಿದಳು. ಗ್ರಾಹಕರ ದೂರು ಕೇಳುವ ಸರ್ಕಾರಿ ನಂಬರ್ ಅದು. ತಾನೇ ಮಾತಾಡಲು ಹೊರಟವಳ ಕೈಯಿಂದ ಮಹಾದೇವಿ ಫೋನ್ ಇಸಿದುಕೊಂಡಳು. "ಕನ್ನಡದಾಗ ಹೇಳಬಹುದೇನ್ರಿ?" ಎಂದು ಕೇಳಿದಳು. ಹೇಳಬಹುದು ಎಂದರು. ಆಕೆ ಅಲ್ಲೇ, ಗಾಡಿಯ ಮುಂದೆಯೇ ನಿಂತು, ಜನ ಕೇಳುತ್ತಿದ್ದಂತೆ ಒಂದೂ ಬಿಡದೆ ಹೇಳಿದಳು. ಯಕ್ಷಿತಾ ಡಬ್ಬಿಯ ಮೇಲಿನದು, ತಳದ್ದು ಫೋಟೋ ತೆಗೆದಳು. ಡಬ್ಬಿ ಕೊಳ್ಳಲು ನಿಂತಿದ್ದ ಒಬ್ಬಳು ಅದನ್ನು ತಿರುಗಿಸಿ ನೋಡಿ ಮತ್ತೆ ಗಾಡಿಯ ಮೇಲೆ ಇಟ್ಟು ಹೋದಳು. ಅವಳನ್ನು ನೋಡಿ ಇನ್ನೊಬ್ಬಳು.

ಕೆಲವು ದಿನದಲ್ಲಿ ಆಹಾರ ಇಲಾಖೆಯವರು ಬಂದು ಮಾದರಿ ತೆಗೆದುಕೊಂಡು ಹೋದರು. ಮಾಲು ಕೊಟ್ಟ ಹೋಲ್‌ಸೇಲ್ ವ್ಯಾಪಾರಿಯ ವಿಳಾಸವನ್ನೂ ಮುರಿಗೆಪ್ಪನಿಂದಲೇ ಪಡೆದರು. ಆ ಗಾಡಿಯ ಮೇಲೆ ಬಾವುಟದ ಡಬ್ಬಿಗಳು ಮತ್ತೆ ಕಾಣಿಸಲಿಲ್ಲ.

ದೂರು ಹೇಳಿದ ದಿನ ಮಹಾದೇವಿ ಬರಿಗೈಯಲ್ಲಿ ಮನೆಗೆ ಹೋಗಲಿಲ್ಲ. ಕರವಂದದ ಹೆಂಗಸಿನ ಮುಂದೆ ಕೂತು, ಕೇಳಿದಷ್ಟು ಕೊಟ್ಟು, ದೊನ್ನೆ ದೊನ್ನೆ ಹಣ್ಣು ಕೊಂಡಳು. ಚೌಕಾಸಿ ಮಾಡಲಿಲ್ಲ. ಸಂಜೆ ಮತ್ತೆ ಉಡಿ ತುಂಬಿದರು. ಈ ಸಲ ಕಪ್ಪು ಕವಳಿಹಣ್ಣನ್ನು ತೊಳೆದು ಉಡಿಗೆ ಹಾಕಿದವಳು ಅತ್ತೆ ದೇವಕ್ಕ. "ಹೆರಿಗಿ ಇಲ್ಲೇ ಆಗ್ಲಿ. ಆದ್ರ ಗುಳಿಗಿ ತಪ್ಪಿಸಿದ್ರ ಪಾರ್ಲೆಯಿಂದ ಓಡಿ ಬರ್ತೀನಿ ನೋಡು" ಎಂದು ಸೊಸೆಯ ಗಲ್ಲ ಹಿಂಡಿದಳು. ರಂಜನಾ ಈಗ ರಾತ್ರಿ ಊಟ ಮಾಡಿ, ಮುಖ ಹಿಂಡಿಯೇ ಗುಳಿಗೆ ನುಂಗುತ್ತಾಳೆ. ಮೇಲೆ ಒಂದು ಕವಳಿಹಣ್ಣು ಬಾಯಿಗೆ ಹಾಕಿಕೊಳ್ಳುತ್ತಾಳೆ. ಹೊಟ್ಟೆ ತೊಳಸುವುದು ಕಡಿಮೆಯಾಗಿದೆ. ಮೊನ್ನೆಯ ಪರೀಕ್ಷೆಯಲ್ಲಿ ರಕ್ತ ಖರೇನೇ ಏರಿತ್ತು.

ಆ ಹಸಿರು ಸೀರೆಯ ಕಲೆ ಮಾತ್ರ ಎಷ್ಟು ಒಗೆದರೂ ಹೋಗಲಿಲ್ಲ. ಮಹಾದೇವಿ ಅದನ್ನು ಎಸೆದಿಲ್ಲ. ಚಾಳಿನಲ್ಲಿ ಯಾರಾದರೂ 'ಇಂಪೋರ್ಟೆಡ್' ಅಂದರೆ ಸಾಕು, ಪೆಟ್ಟಿಗೆಯಿಂದ ತೆಗೆದು ತೋರಿಸುತ್ತಾಳೆ.

ಅಕ್ಕಂದಿರೇ, ತಂಗಿಯರೇ, ಇದನ್ನು ಓದುತ್ತಿರುವ ಅಣ್ಣಂದಿರೇ, ನಿಮ್ಮನ್ನೂ ಕೇಳುತ್ತೇವೆ. ಹೊರದೇಶದ ಹಣ್ಣು ತಿನ್ನಬೇಡಿ ಎಂದು ನಾವು ಹೇಳುತ್ತಿಲ್ಲ. ನಿಮ್ಮ ದುಡಿಮೆಯ ದುಡ್ಡು, ನಿಮ್ಮ ಇಷ್ಟ. ಆದರೆ ಡಬ್ಬಿ ತಿರುಗಿಸಿ ನೋಡಿ. ಯಾವ ದೇಶದ್ದು, ಯಾರು ತರಿಸಿದ್ದು, ಒಳಗೆ ಏನೇನಿದೆ, ಯಾವ ತಾರೀಕಿನದು, ಲೈಸೆನ್ಸ್ ನಂಬರ್ ಎಲ್ಲಿ? ಓದಲು ಬರದಿದ್ದರೆ ಓದು ಬಲ್ಲ ಮಕ್ಕಳ ಕೈಗೆ ಕೊಡಿ, ನಾಚಿಕೆ ಬೇಡ. ತಳ ಬೋಳಾಗಿದ್ದರೆ ಮಾರುವವನು ನಿಮ್ಮ ಊರಿನವನೇ ಇರಲಿ, ನಿಮ್ಮ ಮಾತೇ ಆಡಲಿ, ಅಲ್ಲೇ ಇಟ್ಟು ಬನ್ನಿ. ಮೋಸ ಕಂಡರೆ 1915ಕ್ಕೆ ಫೋನ್ ಮಾಡಿ, ಕನ್ನಡದಲ್ಲೇ ಹೇಳಿ. ಬಸುರಿಯ ಗುಳಿಗೆಯನ್ನು ಯಾರ ಮಾತು ಕೇಳಿಯೂ ನಿಲ್ಲಿಸಬೇಡಿ. ಬಿಸಿಲಲ್ಲಿ ನೆಲದ ಮೇಲೆ ಕೂತು ಹೆಸರು ಮುಚ್ಚಿಡದೆ ಹಣ್ಣು ಮಾರುವವಳ ಮುಂದೆ ಒಂದು ಸಲ ನಿಲ್ಲಿ.

ಮಹಾದೇವಿಯ ಮಗಳ ಉಡಿಗೆ ಬಿದ್ದದ್ದು ಬಣ್ಣ, ರಕ್ತ ಅಲ್ಲ. ಹಾಗಾಗಿ ಆ ಮನೆ ಉಳಿಯಿತು. ನಿಮ್ಮ ಮಗಳ ಉಡಿಗೆ ಏನು ಬೀಳುತ್ತಿದೆ, ಇವತ್ತೇ ನೋಡಿ.